ಶಾಲೆಯಲ್ಲಿ ಕಲಿತ ಗಣಿತ ನಿಮ್ಮ ಬದುಕಿನಲ್ಲಿ ಎಲ್ಲಿ ಕೆಲಸಕ್ಕೆ ಬಂದಿದೆ?

ಪ್ರಶ್ನೆ
ಝೆರಾಕ್ಸ್ ಅಂಗಡಿಯವ, ಕಲಬುರಗಿ

ಮಾನ್ಯರೇ,

ನಾನು ಕಲಬುರಗಿಯ ಸೂಪರ್ ಮಾರ್ಕೆಟ್ ಹತ್ತಿರ ಹದಿನೆಂಟು ವರ್ಷಗಳಿಂದ ಝೆರಾಕ್ಸ್ ಅಂಗಡಿ ನಡೆಸುತ್ತಿದ್ದೇನೆ. ಮಗಳು ಈ ವರ್ಷ ಎಸ್‌ಎಸ್‌ಎಲ್‌ಸಿ. ಕಳೆದ ವಾರ ಒಂದು ರಾತ್ರಿ ವರ್ಗ ಸಮೀಕರಣದ ಲೆಕ್ಕಗಳನ್ನು ಬಿಡಿಸುತ್ತ ಕುಳಿತವಳು ಪೆನ್ನನ್ನು ಪುಸ್ತಕದ ನಡುವೆ ಇಟ್ಟು, “ಅಪ್ಪಾ, ನೀ ಸಾಲಿ ಬಿಟ್ಟ ಮ್ಯಾಲ ಇಂಥಾದ್ದು ಒಂದರ ಬಿಡಿಸೀಯೇನು?” ಎಂದು ಕೇಳಿದಳು. ಹತ್ತನೆಯ ತರಗತಿಯಲ್ಲಿ ಗಣಿತಕ್ಕೆ ನನಗೆ 78 ಅಂಕ ಬಂದಿದ್ದವು ಎಂಬುದನ್ನು ಮನೆಯಲ್ಲಿ ಸಂದರ್ಭ ಸಿಕ್ಕಾಗಲೆಲ್ಲ ಹೇಳಿಕೊಳ್ಳುವವನು ನಾನು. ಆದರೂ “ಇಲ್ಲವ್ವಾ” ಎನ್ನುವುದನ್ನು ಬಿಟ್ಟು ಬೇರೆ ಉತ್ತರ ನನ್ನಲ್ಲಿರಲಿಲ್ಲ.

ಅಂಗಡಿಯಲ್ಲಿ ಲೆಕ್ಕವಿಲ್ಲದೆ ಒಂದು ಗಂಟೆಯೂ ಕಳೆಯುವುದಿಲ್ಲ ಎಂಬುದು ನಿಜ. ಆದರೆ ಅದೆಲ್ಲ ಕೂಡಿಸುವ, ಗುಣಿಸುವ ಲೆಕ್ಕ; ನಾಲ್ಕನೆಯ ತರಗತಿಯವರೆಗೆ ಕಲಿತಿದ್ದರೂ ಸಾಗುತ್ತಿತ್ತು. ಉಳಿದದ್ದನ್ನು ಯಂತ್ರ ಮಾಡುತ್ತದೆ. ಎ4 ಹಾಳೆಯನ್ನು ಎ3ಗೆ ಹಿಗ್ಗಿಸಬೇಕಾದರೆ 141 ಎಂದು ಒತ್ತುತ್ತೇನೆ, ಕುಗ್ಗಿಸಬೇಕಾದರೆ 71 ಎಂದು ಒತ್ತುತ್ತೇನೆ. ಆ ಅಂಕಿಗಳೇ ಏಕೆ ಎಂದು ನಾನು ಕೇಳಿದವನಲ್ಲ, ನನಗೆ ಕೆಲಸ ಕಲಿಸಿದವರೂ ಹೇಳಿದವರಲ್ಲ. ನನ್ನ ಹೆಂಡತಿ ಏಳನೆಯ ತರಗತಿಗೆ ಶಾಲೆ ಬಿಟ್ಟವಳು. ಹದಿನೈದು ಮಂದಿಯ ಸ್ತ್ರೀಶಕ್ತಿ ಸಂಘದ ಉಳಿತಾಯ, ಸಾಲ, ಬಡ್ಡಿ ಎಲ್ಲವನ್ನೂ ಒಂದು ನೋಟುಬುಕ್ಕಿನಲ್ಲಿ ಒಂದು ರೂಪಾಯಿಯೂ ಹೆಚ್ಚುಕಡಿಮೆಯಾಗದಂತೆ ಇಡುತ್ತಾಳೆ.

ಆದ್ದರಿಂದ ನನ್ನ ಪ್ರಶ್ನೆ ಇಷ್ಟೇ. ಹೈಸ್ಕೂಲಿನಲ್ಲಿ ಕಲಿತ ಗಣಿತ ದೊಡ್ಡವರಾದ ಮೇಲೆ ನಿಮಗೆ ನಿಜವಾಗಿ ಕೆಲಸಕ್ಕೆ ಬಂದಿದೆಯೇ? ಬಂದಿದ್ದರೆ ಎಲ್ಲಿ, ಯಾವ ದಿನ, ಯಾವ ಲೆಕ್ಕದಲ್ಲಿ ಎಂದು ಹೇಳಬೇಕಾಗಿ ವಿನಂತಿ. “ಗಣಿತದಿಂದ ಬುದ್ಧಿ ಚುರುಕಾಗುತ್ತದೆ” ಎಂಬ ಮಾತನ್ನು ದಯವಿಟ್ಟು ಬರೆಯಬೇಡಿ. ಅದನ್ನು ಹೇಳಿ ನೋಡಿದ್ದೇನೆ, ಮಗಳು ಒಪ್ಪಲಿಲ್ಲ.

ಉತ್ತರ
ಗಂಜಿನ ಮುನೀಮ, ಕಲಬುರಗಿ

ಸರ್, ನಾನು ನೆಹರು ಗಂಜಿನ ಅಡತ್ ಅಂಗಡಿಯೊಂದರಲ್ಲಿ, ಅಂದರೆ ರೈತರ ಮಾಲನ್ನು ಮಾರಿಕೊಡುವ ದಲಾಲಿ ಅಂಗಡಿಯಲ್ಲಿ, ನಲವತ್ತು ವರ್ಷಗಳಿಂದ ಲೆಕ್ಕದ ಪಟ್ಟಿ ಬರೆಯುತ್ತಿದ್ದೇನೆ. ಲೆಕ್ಕದಲ್ಲೇ ಕೂದಲು ಬೆಳ್ಳಗಾದವನ ಮಾತು ಎಂದು ಇದನ್ನು ಓದಿಕೊಳ್ಳಿ. ನನ್ನ ಅನುಭವದಲ್ಲಿ ಏಳನೆಯ ತರಗತಿಯವರೆಗಿನ ಗಣಿತ ಅನ್ನ ಕೊಡುತ್ತದೆ, ಅದರಾಚೆಯದು ಪರೀಕ್ಷೆಗೆ.

ಆದರೆ ಆ ಏಳನೆಯ ತರಗತಿಯ ಗಣಿತವನ್ನು ಹಗುರವಾಗಿ ತಿಳಿಯಬೇಡಿ. ನನ್ನ ಅಜ್ಜನಿಂದ ಕೇಳಿದ ಒಂದು ಸಂಗತಿಯನ್ನು ಹೇಳುತ್ತೇನೆ. ನಿಜಾಮರ ಆಳ್ವಿಕೆಯಲ್ಲಿ ನಮ್ಮಲ್ಲಿ ಚಲಾವಣೆಯಲ್ಲಿದ್ದುದು ‘ಹಾಲಿ ಸಿಕ್ಕಾ’ ಎಂಬ ನಿಜಾಮರ ರೂಪಾಯಿ. ಗಡಿ ದಾಟಿ ಸೊಲ್ಲಾಪುರದ ಪೇಟೆಗೆ ಹೋದರೆ ಅಲ್ಲಿ ಇಂಗ್ರೇಜಿ ಸರ್ಕಾರದ ಕಲ್ದಾರ್ ರೂಪಾಯಿ. ಏಳು ಹಾಲಿ ರೂಪಾಯಿಗೆ ಆರು ಕಲ್ದಾರ್ ರೂಪಾಯಿ ಎಂಬುದು ದರ. ಕಲ್ದಾರನ್ನು ಹಾಲಿಗೆ ತರಬೇಕಾದರೆ ಅದರ ಆರನೆಯ ಒಂದು ಪಾಲನ್ನು ಕೂಡಿಸಬೇಕು. ಹಾಲಿಯನ್ನು ಕಲ್ದಾರಿಗೆ ತರಬೇಕಾದರೆ ಏಳನೆಯ ಒಂದು ಪಾಲನ್ನು ಕಳೆಯಬೇಕು. ಒಂದು ಕಡೆಗೆ ಆರನೆಯ ಪಾಲು, ಇನ್ನೊಂದು ಕಡೆಗೆ ಏಳನೆಯ ಪಾಲು. 60 ಕಲ್ದಾರಿಗೆ 10 ಕೂಡಿಸಿದರೆ 70 ಹಾಲಿ. ಆ 70 ಹಾಲಿಯಿಂದ ಮತ್ತೆ ಆರನೆಯ ಪಾಲನ್ನೇ ಕಳೆದವನ ಕೈಯಲ್ಲಿ 60 ಕಲ್ದಾರ್ ಇರುವುದಿಲ್ಲ. 1 ರೂಪಾಯಿ 10 ಆಣೆ 8 ಪೈ ಕಡಿಮೆ ಬೀಳುತ್ತದೆ. ಅಂದಿನ ಪೇಟೆಯಲ್ಲಿ ಅದು ಸಣ್ಣ ಮೊತ್ತವಲ್ಲ. ಅಜ್ಜ ಓದಿದ್ದು ಮಸೀದಿಯ ಪಕ್ಕದ ಉರ್ದು ಶಾಲೆಯಲ್ಲಿ ಮೂರೇ ವರ್ಷ. ಸವಾ, ದೀಡ, ಅಡೀಚ ಎಂದು ಭಿನ್ನರಾಶಿಗಳ ಮಗ್ಗಿಯನ್ನು ಬಾಯಿಪಾಠ ಮಾಡಿದ್ದ ಅವರು ಈ ವ್ಯತ್ಯಾಸದಲ್ಲಿ ಎಂದೂ ಎಡವಲಿಲ್ಲವಂತೆ. ಬಿಕಾಂ ಮುಗಿಸಿ ನಮ್ಮ ಅಂಗಡಿಗೆ ಬಂದ ಹುಡುಗರು ಮಾತ್ರ ಇದೇ ಹಳ್ಳಕ್ಕೆ ಬೀಳುವುದನ್ನು ನಾನು ನೋಡಿದ್ದೇನೆ.

ತೊಗರಿಯ ತೇವಾಂಶದ ಲೆಕ್ಕವೂ ಅಂಥದ್ದೇ. ಶೇಕಡಾ 14 ತೇವವಿರುವ ಒಂದು ಕ್ವಿಂಟಲ್ ತೊಗರಿಯನ್ನು ಒಣಗಿಸಿ ಶೇಕಡಾ 10ಕ್ಕೆ ತಂದರೆ ಎಷ್ಟು ಉಳಿಯುತ್ತದೆ ಎಂದು ಕೇಳಿ ನೋಡಿ. ಹತ್ತರಲ್ಲಿ ಒಂಬತ್ತು ಮಂದಿ 96 ಕಿಲೋ ಎನ್ನುತ್ತಾರೆ. ಒಣ ಕಾಳಿನ ಭಾಗ 86 ಕಿಲೋ. ಅದು ಒಣಗಿದ ಮೇಲಿನ ತೂಕದಲ್ಲಿ ಶೇಕಡಾ 90 ಆಗಬೇಕು. ಆದ್ದರಿಂದ ಉಳಿಯುವುದು 95.56 ಕಿಲೋ. ಅರ್ಧ ಕಿಲೋಗಿಂತ ಕಡಿಮೆ ವ್ಯತ್ಯಾಸ ಎಂದು ನಗಬಹುದು. 2025-26ರ ಬೆಂಬಲ ಬೆಲೆಯಾದ ಕ್ವಿಂಟಲಿಗೆ 8,000 ರೂಪಾಯಿಯಂತೆ ನೂರು ಕ್ವಿಂಟಲಿಗೆ ಲೆಕ್ಕ ಹಾಕಿದರೆ ಸುಮಾರು 3,550 ರೂಪಾಯಿ ಆಗುತ್ತದೆ, ನಗು ನಿಲ್ಲುತ್ತದೆ.

ಇನ್ನು ಬಡ್ಡಿ. ನಮ್ಮ ಕಡೆ ರೈತರು ರಾಶಿಯ ಮೇಲೆ ಸಾಲ ಎತ್ತುವುದುಂಟು. 11,000 ರೂಪಾಯಿ ತೆಗೆದುಕೊಂಡವನು ಮುಂದಿನ ವರ್ಷದ ತೊಗರಿ ರಾಶಿಗೆ 7,200, ಅದರ ಮರುವರ್ಷದ ರಾಶಿಗೆ ಇನ್ನೊಂದು 7,200 ಕೊಡಬೇಕು ಎಂಬ ಕರಾರು ಮೊನ್ನೆ ಒಬ್ಬರದು ನನ್ನ ಮುಂದೆ ಬಂತು. ಎರಡು ವರ್ಷಕ್ಕೆ ಬಡ್ಡಿ 3,400, ವರ್ಷಕ್ಕೆ 1,700, ಅಂದರೆ ಶೇಕಡಾ ಹದಿನೈದೂವರೆಯ ಹತ್ತಿರ. ಇದಕ್ಕೆ ಯಾವ ಸಮೀಕರಣವೂ ಬೇಕಾಗಲಿಲ್ಲ. ನಿಮ್ಮ ಮಗಳಿಗೆ ಸತ್ಯವನ್ನೇ ಹೇಳಿಬಿಡಿ: ವರ್ಗ ಸಮೀಕರಣ ಅಂಕಕ್ಕಾಗಿ, ಶೇಕಡಾ ಬದುಕಿಗಾಗಿ.

ಉತ್ತರ
ಗೌಂಡಿಯ ಮಗ, ಶಹಾಬಾದ್

ಮುನೀಮ ಸಾಹೇಬರ ಅಜ್ಜನವರ ಆರನೆಯ ಪಾಲು, ಏಳನೆಯ ಪಾಲಿನ ಮಾತನ್ನು ಓದಿ ನನಗೆ ಸಿಮೆಂಟಿನ ಬೆಲೆ ನೆನಪಾಯಿತು. 2025ರ ಸೆಪ್ಟೆಂಬರಿನಲ್ಲಿ ಸಿಮೆಂಟಿನ ಮೇಲಿನ ಜಿಎಸ್‌ಟಿ ಶೇಕಡಾ 28ರಿಂದ 18ಕ್ಕೆ ಇಳಿದಾಗ, ನಾನು ಕೆಲಸ ಹಿಡಿದಿದ್ದ ಮನೆಯ ಯಜಮಾನರು ಚೀಲದ ಬೆಲೆ ಶೇಕಡಾ 10 ಇಳಿಯಲೇಬೇಕೆಂದು ಅಂಗಡಿಯವರೊಂದಿಗೆ ಜಗಳಕ್ಕೆ ನಿಂತರು. ತೆರಿಗೆ ಬಿಟ್ಟು ಚೀಲಕ್ಕೆ 300 ರೂಪಾಯಿ ಎಂದಿಟ್ಟುಕೊಳ್ಳಿ. ಮೊದಲು 384 ಇದ್ದದ್ದು ಈಗ 354 ಆಗಬೇಕು. ಇಳಿದದ್ದು 30 ರೂಪಾಯಿ, ಅದು 384ರಲ್ಲಿ ಶೇಕಡಾ 7.8. ಹತ್ತು ಎನ್ನುವುದು 300ರ ಮೇಲಿನ ಹತ್ತು. ಯಜಮಾನರು ಪದವೀಧರರು, ಅರ್ಧ ಗಂಟೆ ಜಗಳವಾಡಿದ ಮೇಲೆಯೂ ಅಂಗಡಿಯವನು ಮೋಸ ಮಾಡಿದ ಎಂದೇ ನಂಬಿ ಮನೆಗೆ ಹೋದರು.

ಈಗ ಪ್ರಶ್ನೆಗೆ ಬರುತ್ತೇನೆ. ನಾನು ಸಿವಿಲ್ ಡಿಪ್ಲೊಮಾ ಮಾಡಿ ಸಣ್ಣ ಗುತ್ತಿಗೆಗಳನ್ನು ಮಾಡುತ್ತೇನೆ. ನನ್ನ ತಂದೆ ಶಾಲೆಯ ಮುಖ ನೋಡದ ಗೌಂಡಿ. ಪಾಯ ಹಾಕುವಾಗ ಅವರು ದಾರ ಎಳೆದು, ಒಂದು ಕಡೆ ಮೂರು ಅಡಿಗೆ, ಇನ್ನೊಂದು ಕಡೆ ನಾಲ್ಕು ಅಡಿಗೆ ಗುರುತು ಮಾಡಿ, ಎರಡೂ ಗುರುತುಗಳ ನಡುವೆ ಸರಿಯಾಗಿ ಐದು ಅಡಿ ಬರುವವರೆಗೆ ದಾರವನ್ನು ಸರಿಸುತ್ತಿದ್ದರು. ಬಂದಾಗ “ಮೂಲೆ ಕೂತ್ತು” ಎನ್ನುತ್ತಿದ್ದರು, ಅಂದರೆ ಮೂಲೆ ಸರಿಯಾದ ಲಂಬಕೋನವಾಯಿತು ಎಂದು. ಹತ್ತನೆಯ ತರಗತಿಯಲ್ಲಿ ಪೈಥಾಗೊರಸನ ಪ್ರಮೇಯವನ್ನು ಕರಿಹಲಗೆಯ ಮೇಲೆ ನೋಡಿದ ದಿನ ಸಂಜೆ ಮನೆಗೆ ಬಂದು ತಂದೆಗೆ ಅದನ್ನು ವಿವರಿಸಲು ಹೋದೆ. ಅವರು ಬೀಡಿ ಹಚ್ಚಿಕೊಂಡು ಕೇಳಿ, “ಇದಕ್ಕ ಇಷ್ಟೊತ್ತ ಬೇಕೇನ?” ಎಂದರು.

ಅಲ್ಲಿಗೆ ತಂದೆಯೇ ಗೆದ್ದರು ಎನ್ನಬಹುದಿತ್ತು. ಆದರೆ ಕೆಲವು ವರ್ಷಗಳ ನಂತರ ನಮ್ಮ ಸಂಬಂಧಿಕರೊಬ್ಬರು ಒಂದು ಹಳೆಯ ಜಾಗ ಕೊಳ್ಳಲು ಹೊರಟರು. ನಾಲ್ಕೂ ಬದಿ 50 ಅಡಿ, ಆದ್ದರಿಂದ 2,500 ಚದರ ಅಡಿ ಎಂದು ಮಾರುವವರು ಹೇಳಿದರು, ಟೇಪು ಹಿಡಿದು ನೋಡಿದಾಗ ನಾಲ್ಕೂ ಬದಿ 50 ಅಡಿಯೇ ಬಂದವು, ತಂದೆಯೂ ತಲೆಯಾಡಿಸಿದರು. ನನಗೆ ಮಾತ್ರ ಜಾಗ ಒಂದು ಕಡೆಗೆ ವಾಲಿದಂತೆ ಕಂಡಿತು. ಮೂಲೆಯಿಂದ ಮೂಲೆಗೆ ಟೇಪು ಎಳೆದಾಗ 60 ಅಡಿ ಬಂತು. ಮೂಲೆ ಕೂತಿದ್ದರೆ ಅದು 70 ಅಡಿ ದಾಟಬೇಕಿತ್ತು. 50, 50, 60 ಅಡಿ ಬದಿಗಳ ಎರಡು ತ್ರಿಕೋನ ಎಂದು ಭಾವಿಸಿ ಒಂಬತ್ತನೆಯ ತರಗತಿಯ ಹೆರಾನನ ಸೂತ್ರವನ್ನು ಹಾಕಿದೆ: ಸುತ್ತಳತೆಯ ಅರ್ಧ 80; 80, 30, 30, 20 ಇವುಗಳ ಗುಣಲಬ್ಧ 14,40,000; ಅದರ ವರ್ಗಮೂಲ 1,200. ಎರಡು ತ್ರಿಕೋನಕ್ಕೆ 2,400 ಚದರ ಅಡಿ. ಚದರ ಅಡಿಗೆ 1,200 ರೂಪಾಯಿಯಂತೆ ಮಾತಾಗಿದ್ದ ಜಾಗದಲ್ಲಿ 100 ಚದರ ಅಡಿ ಇರಲೇ ಇಲ್ಲ. 1,20,000 ರೂಪಾಯಿ ಉಳಿಯಿತು. ಮಾರುವವರಿಗೂ ಅದು ಗೊತ್ತಿರಲಿಲ್ಲ ಎಂದೇ ನನ್ನ ನಂಬಿಕೆ; ಅವರು ಕೊಂಡಾಗಲೂ 2,500 ಎಂದೇ ಹಣ ಕೊಟ್ಟಿದ್ದರು.

ತಂದೆಗೆ ಮೂಲೆಯನ್ನು ಕೂರಿಸುವುದು ಗೊತ್ತಿತ್ತು. ಕೂರದ ಮೂಲೆಯ ಜಾಗವನ್ನು ಅಳೆಯುವುದು ಗೊತ್ತಿರಲಿಲ್ಲ, ಏಕೆಂದರೆ ಅವರ ಕಸುಬಿನಲ್ಲಿ ಅಂಥ ಸಂದರ್ಭವೇ ಬಂದಿರಲಿಲ್ಲ. ಕಸುಬಿನ ಲೆಕ್ಕ ಕಸುಬಿನ ಒಳಗೆ ನಮ್ಮ ಲೆಕ್ಕಕ್ಕಿಂತ ವೇಗವಾಗಿ ಓಡುತ್ತದೆ. ಹೊರಗೆ ಕಾಲಿಟ್ಟಾಗ ಶಾಲೆಯದು ಕೈ ಹಿಡಿಯುತ್ತದೆ. ಮುನೀಮ ಸಾಹೇಬರ ಏಳನೆಯ ತರಗತಿಯ ಗೆರೆಯನ್ನು ನಾನು ಒಂಬತ್ತಕ್ಕಾದರೂ ಸರಿಸುತ್ತೇನೆ.

ಉತ್ತರ
ಕತ್ತರಿ ಕೈ, ಚಿತ್ತಾಪುರ

ಇಲ್ಲಿ ಬರೆದವರೆಲ್ಲ ಗಣಿತದಲ್ಲಿ ಪಾಸಾದವರು. ಎಸ್‌ಎಸ್‌ಎಲ್‌ಸಿಯಲ್ಲಿ ಅದೊಂದೇ ವಿಷಯದಲ್ಲಿ ಫೇಲಾದವಳು ನಾನು. ಉಳಿದ ಐದೂ ವಿಷಯಗಳಲ್ಲಿ ಪಾಸಾಗಿದ್ದೆ. ಪೂರಕ ಪರೀಕ್ಷೆಗೆ ಕಟ್ಟೋಣ ಎಂದಾಗ ಮನೆಯಲ್ಲಿ, ಹೆಣ್ಣುಮಗಳಿಗೆ ಇನ್ನೆಷ್ಟು ಓದು ಎಂದರು, ಗಂಡುಮಗನಾಗಿದ್ದರೆ ಕಟ್ಟಿಸುತ್ತಿದ್ದರು. ಅಲ್ಲಿಗೆ ನನ್ನ ಶಾಲೆ ಮುಗಿಯಿತು.

ಈಗ ಹೊಲಿಗೆ ನನ್ನ ಜೀವನ. ಚಿಕ್ಕ ಹುಡುಗಿಯರ ಅಂಬ್ರೆಲಾ ಫ್ರಾಕಿಗೆ ಬಟ್ಟೆಯನ್ನು ನಾಲ್ಕು ಮಡಿಕೆ ಮಾಡಿ, ಮಡಿಕೆಯ ಮೂಲೆಯಿಂದ ಟೇಪನ್ನು ತಿರುಗಿಸುತ್ತ ಸೊಂಟದ ಕಮಾನನ್ನು ಸೀಮೆಸುಣ್ಣದಿಂದ ಎಳೆಯುತ್ತೇವೆ. ಸೊಂಟ 22 ಇಂಚಿದ್ದರೆ ಮೂಲೆಯಿಂದ ಮೂರೂವರೆ ಇಂಚು. ಇದನ್ನು ನನಗೆ ಕಲಿಸಿದ್ದು ಟೇಲರ್ ಅಕ್ಕ. ಸೊಂಟದ ಅಳತೆಗೆ ತಕ್ಕಂತೆ ಎಷ್ಟೆಷ್ಟು ಇಂಚು ಎಂಬ ಒಂದು ಪಟ್ಟಿಯನ್ನೇ ಅವರು ಗೋಡೆಗೆ ಅಂಟಿಸಿದ್ದರು. ಅದು ವೃತ್ತದ ಪರಿಧಿಯ ಸೂತ್ರ ಎಂಬುದು ಬಹಳ ವರ್ಷಗಳ ನಂತರ ಮಗನ ಪುಸ್ತಕ ನೋಡುವಾಗ ಗೊತ್ತಾಯಿತು. ಮೂರೂವರೆಯನ್ನು ಎರಡರಿಂದಲೂ 22 ಬಟೆ 7ರಿಂದಲೂ ಗುಣಿಸಿದರೆ ಸರಿಯಾಗಿ 22. ಪರೀಕ್ಷೆಯಲ್ಲಿ ನಾನು ಬಿಟ್ಟು ಬಂದ ಪ್ರಶ್ನೆಗಳಲ್ಲಿ ವೃತ್ತದ ಲೆಕ್ಕವೂ ಒಂದಾಗಿತ್ತು.

ಗಣಿತ ಬದುಕಿಗೆ ಉಪಯೋಗವೇ ಎಂದು ಕೇಳಿದರೆ ಹೌದು, ನನ್ನ ಟೇಬಲ್ಲಿನ ಮೇಲೆಯೇ ಇದೆ. ಆದರೆ ಅದು ಇಂಥದ್ದಕ್ಕೆ ಎಂದು ಒಬ್ಬರಾದರೂ ಒಂದು ಬಟ್ಟೆಯ ತುಂಡನ್ನು ಹಿಡಿದು ತೋರಿಸಿದ್ದರೆ ನಾನು ಅಂದು ಆ ಲೆಕ್ಕವನ್ನು ಬಿಟ್ಟು ಬರುತ್ತಿರಲಿಲ್ಲ. ಉಪಯೋಗಕ್ಕೆ ಬರುವ ವಿದ್ಯೆಯನ್ನು ಹೆದರಿಕೆಯ ವಿದ್ಯೆಯನ್ನಾಗಿ ಮಾಡಿದ್ದು ಯಾರು ಎಂಬುದನ್ನೂ ಈ ಚರ್ಚೆಯಲ್ಲಿ ಯಾರಾದರೂ ಹೇಳಬೇಕು.

ಉತ್ತರ
ರಾತ್ರಿ ಪಾಳಿಯ ಸಿಸ್ಟರ್, ಯಾದಗಿರಿ

ಡ್ಯೂಟಿಯ ನಡುವೆ ಬರೆಯುತ್ತಿರುವುದರಿಂದ ಸಂಕ್ಷಿಪ್ತವಾಗಿ ಹೇಳುತ್ತೇನೆ. ನನಗೆ ಅನುಪಾತವೊಂದು ದಿನವೂ ಬೇಕು, ಬೇರೆ ಯಾವುದೂ ಬೇಕಾಗಿಲ್ಲ. 500 ಎಂಎಲ್ ಸಲೈನನ್ನು ನಾಲ್ಕು ಗಂಟೆಯಲ್ಲಿ ಏರಿಸಲು ಡಾಕ್ಟರು ಬರೆದಿದ್ದಾರೆ. ಸಲೈನಿನ ಕೊಳವೆಯ ಸೆಟ್ಟಿನ ಮೇಲೆ ಒಂದು ಎಂಎಲ್‌ಗೆ 20 ಹನಿ ಎಂದಿದೆ. ಒಟ್ಟು 10,000 ಹನಿ, 240 ನಿಮಿಷ, ನಿಮಿಷಕ್ಕೆ ಸುಮಾರು 42 ಹನಿ. ಕೈಗಡಿಯಾರದ ಸೆಕೆಂಡಿನ ಮುಳ್ಳನ್ನು ನೋಡುತ್ತ ಹದಿನೈದು ಸೆಕೆಂಡಿಗೆ ಹತ್ತು ಹನ್ನೊಂದು ಹನಿ ಬೀಳುವವರೆಗೆ ಗಾಲಿಯನ್ನು ಬಿಗಿ ಮಾಡಿ, ಸಡಿಲ ಮಾಡಿ ಹೊಂದಿಸುತ್ತೇನೆ. ಮಕ್ಕಳ ಸೆಟ್ಟಿನಲ್ಲಿ ಒಂದು ಎಂಎಲ್‌ಗೆ 60 ಹನಿ. ಎರಡನ್ನೂ ಒಂದೇ ಎಂದು ತಿಳಿದರೆ ಮೂರು ಪಟ್ಟು ವ್ಯತ್ಯಾಸ.

ಮನೆಯಲ್ಲಿ ತಾಯಂದಿರು ಮಾಡಬೇಕಾದ ಲೆಕ್ಕವೂ ಒಂದಿದೆ. ಜ್ವರದ ಪ್ಯಾರಾಸಿಟಮಾಲ್ ಸಿರಪ್ 5 ಎಂಎಲ್‌ಗೆ 125 ಮಿಲಿಗ್ರಾಂ ಇರುವುದೂ ಸಿಗುತ್ತದೆ, 250 ಮಿಲಿಗ್ರಾಂ ಇರುವುದೂ ಸಿಗುತ್ತದೆ. “ಹೋದ ಸಲ ಒಂದೂವರೆ ಮುಚ್ಚಳ ಕೊಟ್ಟಿದ್ದೆ, ಈ ಸಲವೂ ಅಷ್ಟೇ ಕೊಟ್ಟೆ” ಎನ್ನುವವರಿಗೆ, ಬಾಟಲಿಯ ಮೇಲಿನ ಅಂಕಿ ಎರಡು ಪಟ್ಟಾದರೆ ಮುಚ್ಚಳದ ಅಳತೆ ಅರ್ಧವಾಗಬೇಕು ಎಂದು ವಿವರಿಸುವುದರಲ್ಲಿ ನನ್ನ ಎಷ್ಟೋ ರಾತ್ರಿಗಳು ಕಳೆದಿವೆ. ಒಂದು ಹೆಚ್ಚಾದರೆ ಇನ್ನೊಂದು ಕಡಿಮೆಯಾಗುವ ವಿಲೋಮ ಅನುಪಾತವನ್ನು ಅವರೆಲ್ಲ ಎಂಟನೆಯ ತರಗತಿಯಲ್ಲಿ “ಹತ್ತು ಕೆಲಸಗಾರರು ಇಪ್ಪತ್ತು ದಿನ” ಎಂಬ ಲೆಕ್ಕದಲ್ಲಿ ಕಲಿತವರೇ.

ಉತ್ತರ
ಸರ್ಕಾರಿ ಹೈಸ್ಕೂಲ್ ಗಣಿತ ಶಿಕ್ಷಕಿ, ಬೀದರ್

ಚಿತ್ತಾಪುರದ ಸಹೋದರಿಯ ಪ್ರಶ್ನೆಗೆ ಮೊದಲು ಉತ್ತರಿಸುತ್ತೇನೆ, ಏಕೆಂದರೆ ಅದು ನನ್ನಂಥವರನ್ನೇ ಕುರಿತದ್ದು. ಪಾಠವನ್ನು ಮುಗಿಸುವ ಅವಸರದಲ್ಲಿ ನಾವು ಬಟ್ಟೆಯ ತುಂಡನ್ನು ತೋರಿಸಲಿಲ್ಲ. ಸೋಮವಾರ ವೃತ್ತದ ಪಾಠಕ್ಕೆ ತಮ್ಮ ನಾಲ್ಕು ಮಡಿಕೆಯ ಫ್ರಾಕನ್ನೇ ಒಯ್ಯಲಿದ್ದೇನೆ. ಪಠ್ಯಕ್ರಮದ ಮೇಲೂ ನನ್ನದೊಂದು ಆಕ್ಷೇಪವಿದೆ. ಚಕ್ರಬಡ್ಡಿ ಎಂಟನೆಯ ತರಗತಿಯಲ್ಲಿ ಬಂದು ಹೋಗುತ್ತದೆ. ಆಗ ಮಕ್ಕಳಿಗೆ ಹದಿಮೂರು ವರ್ಷ. ಬಡ್ಡಿ ಎಂದರೆ ಏನೆಂದು ಮೈಗೆ ತಾಗಿರುವುದಿಲ್ಲ. ಸಾಲದ ಕಾಗದಕ್ಕೆ ಸಹಿ ಹಾಕುವ ಹೊತ್ತಿಗೆ ಅದು ಪೂರ್ತಿ ಮರೆತಿರುತ್ತದೆ.

ಝೆರಾಕ್ಸ್ ಅಂಗಡಿಯ ಸರ್, ತಮ್ಮ ಮಗಳ ಪ್ರಶ್ನೆಗೆ ಉತ್ತರ ತಮ್ಮ ಯಂತ್ರದ ಮೇಲೆಯೇ ಇದೆ. ಎ4 ಹಾಳೆ 210 ಮಿಲಿಮೀಟರ್ ಅಗಲ, 297 ಮಿಲಿಮೀಟರ್ ಉದ್ದ. ಅದನ್ನು ಅಡ್ಡಕ್ಕೆ ಮಡಿಸಿ ಅರ್ಧ ಮಾಡಿದರೆ ಸಿಗುವ ಹಾಳೆಯ ಆಕಾರವೂ ಮೊದಲಿನಂತೆಯೇ ಇರಬೇಕು ಎಂಬ ನಿಯಮದ ಮೇಲೆ ಈ ಅಳತೆಗಳನ್ನು ಕಟ್ಟಿದ್ದಾರೆ. ಅಗಲ 1, ಉದ್ದ ಎಕ್ಸ್ ಎಂದಿಟ್ಟುಕೊಳ್ಳಿ. ಅರ್ಧ ಮಾಡಿದ ಹಾಳೆಯ ಉದ್ದ 1, ಅಗಲ ಎಕ್ಸ್‌ನ ಅರ್ಧ. ಎರಡರಲ್ಲಿಯೂ ಉದ್ದಕ್ಕೂ ಅಗಲಕ್ಕೂ ಇರುವ ಅನುಪಾತ ಒಂದೇ ಆಗಬೇಕಾದರೆ ಎಕ್ಸ್ ವರ್ಗ 2ಕ್ಕೆ ಸಮವಾಗಬೇಕು. ಇದು ವರ್ಗ ಸಮೀಕರಣ. ಬಿಡಿಸಿದರೆ ಎರಡರ ವರ್ಗಮೂಲ, ಅಂದರೆ 1.414, ಶೇಕಡಾವಾರು 141. ಎ3 ಹಾಳೆಯ ವಿಸ್ತೀರ್ಣ ಎರಡು ಪಟ್ಟು, ಬದಿಗಳು ಮಾತ್ರ 1.414 ಪಟ್ಟು. ಹಿಂದಿರುಗುವಾಗ 1ನ್ನು 1.414ರಿಂದ ಭಾಗಿಸಿ 71. ಎರಡರ ವರ್ಗಮೂಲ ಅಭಾಗಲಬ್ಧ ಎಂದು ಸಾಧಿಸುವ ಪಾಠ ತಮ್ಮ ಮಗಳ ಈ ವರ್ಷದ ಪುಸ್ತಕದಲ್ಲಿಯೇ ಇದೆ.

ಮುನೀಮ ಸಾಹೇಬರಲ್ಲಿ ಕ್ಷಮೆ ಕೋರಿ ಒಂದು ತಪ್ಪನ್ನು ತೋರಿಸಬೇಕಾಗಿದೆ. 11,000 ರೂಪಾಯಿಯ ಆ ಸಾಲದ ಬಡ್ಡಿ ಶೇಕಡಾ ಹದಿನೈದೂವರೆ ಅಲ್ಲ. ಮೊದಲ ರಾಶಿಗೆ 7,200 ಕೊಟ್ಟ ಮೇಲೆ ಎರಡನೆಯ ವರ್ಷ ಪೂರ್ತಿ ರೈತನ ಕೈಯಲ್ಲಿ ಆ 11,000 ಇರುವುದಿಲ್ಲವಲ್ಲ. ಒಂದು ವರ್ಷದಲ್ಲಿ 1 ರೂಪಾಯಿ ಎಕ್ಸ್ ರೂಪಾಯಿ ಆಗುತ್ತದೆ ಎನ್ನೋಣ. 11,000ವನ್ನು ಎಕ್ಸ್‌ನಿಂದ ಗುಣಿಸಿ, 7,200 ಕಳೆದು, ಉಳಿದದ್ದನ್ನು ಮತ್ತೆ ಎಕ್ಸ್‌ನಿಂದ ಗುಣಿಸಿ, ಇನ್ನೊಂದು 7,200 ಕಳೆದರೆ ಸೊನ್ನೆ ಬರಬೇಕು. 200ರಿಂದ ಭಾಗಿಸಿದರೆ, 55 ಎಕ್ಸ್ ವರ್ಗದಿಂದ 36 ಎಕ್ಸ್ ಕಳೆದು, ಮತ್ತೆ 36 ಕಳೆದರೆ ಸೊನ್ನೆ ಎಂಬ ಸಮೀಕರಣ ಸಿಗುತ್ತದೆ. ಶೋಧಕ, ಅಂದರೆ ಬಿಡಿಸುವ ಸೂತ್ರದಲ್ಲಿ ವರ್ಗಮೂಲದ ಒಳಗೆ ಬರುವ ಸಂಖ್ಯೆ, 9,216, ಅದರ ವರ್ಗಮೂಲ 96, ಎಕ್ಸ್ ಎಂದರೆ 132 ಬಟೆ 110, ಅಂದರೆ 1.2. ಬಡ್ಡಿ ಶೇಕಡಾ 20. ತಾಳೆ ನೋಡಿ: 11,000ಕ್ಕೆ ಬಡ್ಡಿ 2,200, ಒಟ್ಟು 13,200, 7,200 ಕೊಟ್ಟರೆ ಉಳಿದದ್ದು 6,000, ಅದಕ್ಕೆ ಬಡ್ಡಿ 1,200, ಒಟ್ಟು 7,200, ಕೊಟ್ಟರೆ ತೀರಿತು. ಎರಡನೆಯ ಮೂಲ ಋಣಸಂಖ್ಯೆ, ಸಾಲಕ್ಕೆ ಅದರ ಅರ್ಥವಿಲ್ಲ, ಬಿಡಬೇಕು. ಕಂತು ಎರಡಿದ್ದರೆ ವರ್ಗ ಸಮೀಕರಣ, ಮೂರಿದ್ದರೆ ಘನ ಸಮೀಕರಣ, 36 ಇದ್ದರೆ 36ನೆಯ ಘಾತದ ಸಮೀಕರಣ. ಅಷ್ಟು ದೊಡ್ಡದನ್ನು ಕೈಯಿಂದ ಬಿಡಿಸಲಾಗದು. ಒಂದೊಂದು ದರವನ್ನು ಊಹಿಸಿ, ತಿಂಗಳು ತಿಂಗಳು ಕಳೆಯುತ್ತ ಹೋಗಿ, ಕೊನೆಗೆ ಸೊನ್ನೆ ಬರುವಂತೆ ಹೊಂದಿಸಬೇಕು.

ಶಹಾಬಾದಿನವರು ಹೇಳಿದ ಜಾಗದ ವಿಷಯ ಹೊಸದಲ್ಲ. ಅವರ ಊರಿನಿಂದ ದೂರವೇನೂ ಅಲ್ಲದ ಸೇಡಂ ತಾಲೂಕಿನ ಮಳಖೇಡ, ಅಂದಿನ ಮಾನ್ಯಖೇಟ, ಅಮೋಘವರ್ಷ ನೃಪತುಂಗನ ರಾಜಧಾನಿಯಾಗಿದ್ದಾಗ, ಒಂಬತ್ತನೆಯ ಶತಮಾನದ ನಡುವಿನಲ್ಲಿ, ಅವನ ಆಶ್ರಯದಲ್ಲಿದ್ದ ಮಹಾವೀರಾಚಾರ್ಯರು ‘ಗಣಿತಸಾರಸಂಗ್ರಹ’ವನ್ನು ಬರೆದರು. ಎದುರುಬದುರು ಬದಿಗಳ ಮೊತ್ತಗಳನ್ನು ಅರ್ಧ ಮಾಡಿ ಗುಣಿಸುವ ವಿಧಾನವನ್ನು ಅವರು ಕೊಟ್ಟಿದ್ದಾರೆ. ಜೊತೆಗೆ ಅದು ವ್ಯವಹಾರಕ್ಕೆ ಸಾಕಾಗುವ ಸ್ಥೂಲ ಲೆಕ್ಕ, ಸೂಕ್ಷ್ಮ ಲೆಕ್ಕ ಬೇರೆ ಎಂದೂ ವಿಂಗಡಿಸಿದ್ದಾರೆ. 2,500 ಚದರ ಅಡಿ ಎಂದು ಮಾರಿದವರು ಮಾಡಿದ್ದು ಆ ಸ್ಥೂಲ ಲೆಕ್ಕವನ್ನೇ. ಗಣಿತ ಎಲ್ಲೆಲ್ಲಿ ಬೇಕು ಎಂದು ಗ್ರಂಥದ ಆರಂಭದಲ್ಲಿ ಅವರು ಪಟ್ಟಿ ಮಾಡುವಾಗ ವೈದ್ಯ, ವಾಸ್ತುವಿದ್ಯೆ, ಅರ್ಥಶಾಸ್ತ್ರಗಳ ಜೊತೆಗೆ ಸಂಗೀತ, ನಾಟಕ, ಅಡುಗೆಯನ್ನೂ ಸೇರಿಸುತ್ತಾರೆ. ಹೊಲಿಗೆಯನ್ನು ಹೇಳಿಲ್ಲ. ಒಂದು ಸಂಖ್ಯೆಯನ್ನು ಸೊನ್ನೆಯಿಂದ ಭಾಗಿಸಿದರೆ ಅದು ಹಾಗೆಯೇ ಉಳಿಯುತ್ತದೆ ಎಂದು ತಪ್ಪಾಗಿ ಬರೆದವರೂ ಅವರೇ. ಗಣಿತದಲ್ಲಿ ತಪ್ಪಿದ ಮಕ್ಕಳು ಅಳುವಾಗ ನಾನು ಈ ಸಂಗತಿಯನ್ನು ಹೇಳುವುದುಂಟು.

ಉತ್ತರ
ಗಂಜಿನ ಮುನೀಮ, ಕಲಬುರಗಿ

ಮೇಡಂ, ನಿಮ್ಮ ಲೆಕ್ಕವನ್ನು ಎರಡು ಸಲ ತಾಳೆ ನೋಡಿದೆ. ಸರಿಯಾಗಿದೆ. ಇಂಥ ಎರಡು ರಾಶಿಯ ಸಾಲಗಳಿಗೆ ಅಸಲಿನ ಮೇಲೆ ಪೂರ್ತಿ ಬಡ್ಡಿಯನ್ನು ವರ್ಷಗಳಿಗೆ ಹಂಚಿ ಹೇಳುವುದೇ ಗಂಜಿನ ರೂಢಿ, ನಾನೂ ನಲವತ್ತು ವರ್ಷ ಹಾಗೆಯೇ ಹೇಳಿದ್ದೇನೆ. ಆರನೆಯ ಪಾಲಿನ ಹಳ್ಳಕ್ಕೆ ಬೀಳುವ ಹುಡುಗರನ್ನು ನೋಡಿ ನಕ್ಕವನು ನಾನು. ಆ ರೈತರಿಗೆ ನಾಳೆಯೇ ಫೋನು ಮಾಡುತ್ತೇನೆ. ಸಹಕಾರ ಸಂಘದಲ್ಲಿ ಕೇಳಿ ನೋಡಿ ಎನ್ನುತ್ತೇನೆ.

ಉತ್ತರ
ಝೆರಾಕ್ಸ್ ಅಂಗಡಿಯವ, ಕಲಬುರಗಿ

ಎಲ್ಲರಿಗೂ ಕೃತಜ್ಞತೆಗಳು. ನಿನ್ನೆ ರಾತ್ರಿ ಈ ಉತ್ತರಗಳನ್ನೆಲ್ಲ ಮಗಳಿಗೆ ಓದಿಸಿದೆ. ಮೊದಲು ಅವಳು ಎ4 ಹಾಳೆಯನ್ನು ಮಡಿಸಿ, ಸ್ಕೇಲು ಹಿಡಿದು, ಉದ್ದವನ್ನು ಅಗಲದಿಂದ ಭಾಗಿಸಿದಳು. ಅರ್ಧ ಹಾಳೆಯಲ್ಲಿಯೂ ಹಾಗೆಯೇ ಮಾಡಿದಳು. ಎರಡು ಸಲವೂ 1.41 ಬಂದಾಗ, “ಅಪ್ಪಾ, ನೀ ಹದಿನೆಂಟ ವರ್ಷದಿಂದ ಇದನ್ನ ಒತ್ತಲಿಕತ್ತೀದಿ” ಎಂದು ನಕ್ಕಳು.

ಆಮೇಲೆ ಕಪಾಟಿನಿಂದ ಯಂತ್ರದ ಸಾಲದ ಕಾಗದವನ್ನು ತೆಗೆಸಿದಳು. ಖಾಸಗಿ ಫೈನಾನ್ಸ್ ಒಂದರಿಂದ ಪಡೆದ 1,00,000 ರೂಪಾಯಿ. “ಶೇಕಡಾ 12, ಫ್ಲಾಟ್” ಎಂದು ಬರೆದಿದೆ, ಅಂದರೆ ಕೊನೆಯವರೆಗೂ ಪೂರ್ತಿ ಅಸಲಿನ ಮೇಲೆಯೇ ಬಡ್ಡಿ. 36 ಕಂತು, ತಿಂಗಳಿಗೆ 3,778. ಶೇಕಡಾ 12 ಎಂದರೆ ಬ್ಯಾಂಕಿನಷ್ಟೇ ಎಂದು ನಾನು ಸಹಿ ಮಾಡಿದ್ದೆ. ಅಸಲು ಇಳಿದಂತೆ ಬಡ್ಡಿಯೂ ಇಳಿಯುವ ಲೆಕ್ಕದಲ್ಲಿ ಶೇಕಡಾ 12ಕ್ಕೆ ಕಂತು 3,321 ಆಗುತ್ತದೆ ಎಂದು ಮೊಬೈಲಿನಲ್ಲಿ ತೋರಿಸಿದಳು. ಮೂರು ವರ್ಷಕ್ಕೆ ವ್ಯತ್ಯಾಸ 16,400 ರೂಪಾಯಿಗೂ ಮೇಲೆ. ಶಿಕ್ಷಕಿಯವರು ಹೇಳಿದಂತೆ ಒಂದೊಂದು ದರವನ್ನು ಊಹಿಸಿ, ನೋಟುಬುಕ್ಕಿನಲ್ಲಿ 36 ಸಾಲು ಎಳೆದು, ಕಳೆಯುತ್ತ ಹೋದಳು. ಶೇಕಡಾ 18ಕ್ಕೆ ಸಾಲ ತೀರಿದ ಮೇಲೆಯೂ ಕಟ್ಟಿದ ಹಣ ಬಹಳ ಹೆಚ್ಚಾಗಿ ಉಳಿಯಿತು. 24ಕ್ಕೆ ಸಾಲವೇ ತೀರಲಿಲ್ಲ. ರಾತ್ರಿ ಹನ್ನೊಂದರ ಹೊತ್ತಿಗೆ ಶೇಕಡಾ 21ಕ್ಕಿಂತ ತುಸು ಹೆಚ್ಚು ಎಂಬಲ್ಲಿಗೆ ಬಂದು ನಿಂತಳು. ಹೆಂಡತಿ ನೋಟುಬುಕ್ಕನ್ನು ಎಳೆದುಕೊಂಡು ಮೊದಲ ಹತ್ತು ಸಾಲುಗಳನ್ನು ಬಾಯಿಲೆಕ್ಕದಲ್ಲಿ ತಾಳೆ ನೋಡಿ, ಏಳನೆಯ ಸಾಲಿನಲ್ಲಿ ಎರಡು ರೂಪಾಯಿಯ ತಪ್ಪನ್ನು ಹಿಡಿದಳು.

22 ಕಂತು ಕಟ್ಟಿಯಾಗಿದೆ, 14 ಉಳಿದಿವೆ. ಈಗಲೇ ತೀರಿಸಿದರೆ ಬಡ್ಡಿಯಲ್ಲಿ ಎಷ್ಟು ಬಿಡುತ್ತಾರೆ ಎಂದು ಕೇಳಲು ಸೋಮವಾರ ಫೈನಾನ್ಸಿನ ಆಫೀಸಿಗೆ ಹೋಗುತ್ತಿದ್ದೇನೆ. ಮಗಳು ಆ 36 ಸಾಲುಗಳ ಝೆರಾಕ್ಸ್ ಒಂದನ್ನು ತೆಗೆದು ಕೊಟ್ಟಿದ್ದಾಳೆ. ಅಲ್ಲಿಯ ಮೇಜಿನ ಮೇಲೆ ಬಿಡಿಸಿಟ್ಟರೆ ಸರಿಯಾಗಿ ಕಾಣಲಿ ಎಂದು 141ಕ್ಕೆ ಹಿಗ್ಗಿಸಿದ್ದಾಳೆ.